ಕೊನೆಯಿಂದ ಮೊದಲಿಗೆ: ಕಕೊಯಾನಿಸ್ ಮತ್ತು ಯೂರಿಪಿಡೀಸನ ಮೂರು ನಾಟಕಗಳು

ಗ್ರೀಸಿಗೆ ಪ್ರವಾಸ ಹೋಗಿಬಂದವರು ಒಂದು ಕುಣಿತವನ್ನು ನೋಡಿಯೇ ಇರುತ್ತಾರೆ. ಒಬ್ಬರ ಹೆಗಲ ಮೇಲೆ ಒಬ್ಬರು ಕೈಯಿಟ್ಟು ಸಾಲಾಗಿ ನಿಲ್ಲುತ್ತಾರೆ. ಮೊದಮೊದಲು ಕಾಲೆಳೆದಂತೆ ಹೆಜ್ಜೆ, ಬರುಬರುತ್ತ ಉಸಿರು ಹಿಡಿಯದಷ್ಟು ಚುರುಕು. ಹೆಸರು ಸಿರ್ತಾಕಿ. ಇದು ಸಾಕ್ರೆಟಿಸನ ಕಾಲದ್ದು ಎಂದು ಗೈಡ್ ಹೇಳಿದರೂ ನಂಬಿಬಿಡುತ್ತೇವೆ. ಅಸಲಿಗೆ ಅದು ಹುಟ್ಟಿದ್ದು 1964ರ ‘ಜೋರ್ಬಾ ದ ಗ್ರೀಕ್’ ಸಿನಿಮಾಕ್ಕಾಗಿ. ಹಸಾಪಿಕೊ ಎಂಬ ಹಳೆಯ ಕುಣಿತದ ನಿಧಾನದ ಹೆಜ್ಜೆಯನ್ನೂ ಚುರುಕಿನ ಹೆಜ್ಜೆಯನ್ನೂ ಬೆಸೆದು ಕಟ್ಟಿದ್ದು. ಕ್ರೀಟ್ ದ್ವೀಪದ ಸ್ತಾವ್ರೊಸ್ ಎಂಬ ಕಡಲ ದಂಡೆಯಲ್ಲಿ ಆಂಟನಿ ಕ್ವಿನ್ ಅದನ್ನು ಕುಣಿದ, ಲೋಕ ಅದನ್ನೇ ಗ್ರೀಸ್ ಎಂದುಕೊಂಡಿತು.

ಆ ಚಿತ್ರದ ನಿರ್ದೇಶಕ ಮೈಕೇಲ್ ಕಕೊಯಾನಿಸ್. ಅವನ ಹೆಸರು ಬಂದಲ್ಲೆಲ್ಲ ಜೋರ್ಬಾನ ಹೆಸರು ಬರುತ್ತದೆ, ಅಲ್ಲಿಗೆ ಮಾತು ಮುಗಿಯುತ್ತದೆ. ನಿಜಕ್ಕೂ ಪ್ರಾಚೀನವಾದದ್ದಕ್ಕೆ ಅವನು ಕೈಹಾಕಿದ್ದು ಬೇರೆ ಮೂರು ಚಿತ್ರಗಳಲ್ಲಿ: 1962ರ ‘ಎಲೆಕ್ಟ್ರಾ’, 1971ರ ‘ದ ಟ್ರೋಜನ್ ವಿಮೆನ್’, 1977ರ ‘ಇಫಿಜೀನಿಯಾ’. ಮೂರೂ ಪ್ರಾಚೀನ ಗ್ರೀಕ್ ನಾಟಕಕಾರ ಯೂರಿಪಿಡೀಸನ ನಾಟಕಗಳು, ಮೂರೂ ಒಂದೇ ಯುದ್ಧದ ಸುತ್ತಲಿನ ಕಥೆ, ಮೂರರಲ್ಲೂ ನಟಿ ಐರೀನ್ ಪಾಪಾಸ್. ನನಗೆ ಇದು ಒಬ್ಬ ಕಲಾವಿದನ ವೃತ್ತಿಜೀವನಕ್ಕಿಂತ ಹೆಚ್ಚಾಗಿ ಒಂದು ಪ್ರಕರಣದಂತೆ ಕಾಣುತ್ತದೆ. ಕಾರಣ, ಇವನು ಕಥೆಯನ್ನು ತಲೆಕೆಳಗಾಗಿ ಮಾಡಿದ. ಕೊನೆಯಲ್ಲಿ ನಡೆಯುವುದನ್ನು ಮೊದಲು ತೆಗೆದ, ಮೊದಲು ನಡೆದದ್ದನ್ನು ಹದಿನೈದು ವರ್ಷ ಕಳೆದ ಮೇಲೆ ತೆಗೆದ.

ಕಥೆ ಗೊತ್ತಿಲ್ಲದವರಿಗೆ ಎರಡು ಮಾತು. ಟ್ರಾಯ್ ಮೇಲೆ ದಂಡೆತ್ತಿ ಹೊರಟ ಗ್ರೀಕರ ಹಡಗುಗಳು ಔಲಿಸ್ ಎಂಬಲ್ಲಿ ಗಾಳಿಯಿಲ್ಲದೆ ನಿಂತುಬಿಡುತ್ತವೆ. ಗಾಳಿ ಬೀಸಬೇಕಾದರೆ ದಂಡನಾಯಕ ಅಗಮೆಮ್ನನ್ ತನ್ನ ಮಗಳು ಇಫಿಜೀನಿಯಾಳನ್ನು ಬಲಿ ಕೊಡಬೇಕು ಎನ್ನುತ್ತಾನೆ ಕಣಿ ಹೇಳುವ ಕಾಲ್ಕಸ್. ಬಲಿಯಾಗುತ್ತದೆ. ಹತ್ತು ವರ್ಷದ ಯುದ್ಧದ ನಂತರ ಟ್ರಾಯ್ ಬೂದಿಯಾಗುತ್ತದೆ, ಅಲ್ಲಿನ ಹೆಂಗಸರು ದಾಸಿಯರಾಗಿ ಗೆದ್ದವರ ಪಾಲಾಗುತ್ತಾರೆ. ಅಗಮೆಮ್ನನ್ ಮನೆಗೆ ಮರಳಿದ ದಿನವೇ ಹೆಂಡತಿ ಕ್ಲೈಟಮ್ನೆಸ್ಟ್ರಾ ತನ್ನ ಪ್ರಿಯಕರ ಈಜಿಸ್ಥಸ್‌ನೊಡನೆ ಸೇರಿ ಅವನನ್ನು ಕೊಲ್ಲುತ್ತಾಳೆ. ವರ್ಷಗಳ ಮೇಲೆ ಉಳಿದ ಮಕ್ಕಳು, ಎಲೆಕ್ಟ್ರಾ ಮತ್ತು ಒರೆಸ್ಟಿಸ್, ತಾಯಿಯನ್ನು ಕೊಲ್ಲುತ್ತಾರೆ. ಇಷ್ಟೇ. ಕಕೊಯಾನಿಸ್ ಶುರುಮಾಡಿದ್ದು ತಾಯಿಯ ಕೊಲೆಯಿಂದ.

ಅಥೆನ್ಸಿಗೆ ಬರುವ ಮೊದಲು

ಅವನು ಹುಟ್ಟಿದ್ದು ಅಥೆನ್ಸಿನಲ್ಲಲ್ಲ, ಬ್ರಿಟಿಷರ ಆಳ್ವಿಕೆಯಲ್ಲಿದ್ದ ಸೈಪ್ರಸ್‌ನ ಲಿಮಸೋಲ್‌ನಲ್ಲಿ. ಅಪ್ಪ ಹೆಸರಾಂತ ವಕೀಲ. ಮಗನೂ ವಕೀಲನಾಗಲಿ ಎಂದು ಲಂಡನ್ನಿಗೆ ಕಳಿಸಿದರು. ಓದು ಮುಗಿಸಿದ. ಆದರೆ ಎರಡನೆಯ ಮಹಾಯುದ್ಧದ ಕಾಲದಲ್ಲಿ ಬಿಬಿಸಿಯ ಗ್ರೀಕ್ ವಿಭಾಗಕ್ಕೆ ಸೇರಿದವನು ಮತ್ತೆ ಕೋರ್ಟಿನ ಕಡೆ ಮುಖ ಹಾಕಲಿಲ್ಲ. ಓಲ್ಡ್ ವಿಕ್ ನಾಟಕಶಾಲೆಯಲ್ಲಿ ಕಲಿತು ಲಂಡನ್ ರಂಗಭೂಮಿಯಲ್ಲಿ ನಟನಾದ. 1953ರಲ್ಲಿ ಅಥೆನ್ಸಿಗೆ ಬಂದ.

ಅಂದರೆ ಗ್ರೀಸನ್ನು ಅವನು ಕಂಡದ್ದು ಸ್ವಲ್ಪ ಹೊರಗಿನಿಂದ, ಮನೆಮಾತು ಗ್ರೀಕೇ ಆದರೂ. ಮೊದಲ ಚಿತ್ರ ಲಾಟರಿ ಟಿಕೆಟ್ಟಿನ ಸುತ್ತ ಹೆಣೆದ ಹಗುರ ಹಾಸ್ಯ. 1955ರ ‘ಸ್ಟೆಲ್ಲಾ’ದಲ್ಲಿ ಅವನ ಒಲವು ಯಾವ ಕಡೆ ಅನ್ನುವುದು ಬಯಲಾಗುತ್ತದೆ. ಮೆಲಿನಾ ಮರ್ಕೂರಿಯ ಸ್ಟೆಲ್ಲಾ ಹೋಟೆಲೊಂದರ ಹಾಡುಗಾರ್ತಿ. ಪ್ರೀತಿ ಬೇಕು, ಮದುವೆ ಬೇಡ ಎನ್ನುವವಳು. ಕೊನೆಯಲ್ಲಿ ಬೆಳಗಿನ ಜಾವ, ಬರಿದಾದ ಬೀದಿಯಲ್ಲಿ, ಚಾಕು ಹಿಡಿದು ನಿಂತ ಗಂಡಸಿನ ಎದುರು ತಾನಾಗಿ ನಡೆದು ಹೋಗುತ್ತಾಳೆ. ಏನಾಗಲಿದೆ ಎಂದು ಅವಳಿಗೂ ಗೊತ್ತು, ನಮಗೂ ಗೊತ್ತು. ರೆಬೆಟಿಕೊ ಎಂಬ ಗ್ರೀಕ್ ಪೇಟೆಬೀದಿಯ ಹಾಡುಗಳ ನಡುವೆ ಅಡಗಿಸಿಟ್ಟ ರುದ್ರನಾಟಕ ಅದು.

ಮರುವರ್ಷ ಹೈಡ್ರಾ ದ್ವೀಪದಲ್ಲಿ ‘ಎ ಗರ್ಲ್ ಇನ್ ಬ್ಲ್ಯಾಕ್’. ಬರ್ಲಿನ್ನಿನಲ್ಲಿ ಹುಟ್ಟಿ ನಾಜಿಗಳಿಂದ ತಪ್ಪಿಸಿಕೊಂಡು ಇಂಗ್ಲೆಂಡಿಗೆ ಬಂದಿದ್ದ ವಾಲ್ಟರ್ ಲಸಾಲಿ ಛಾಯಾಗ್ರಾಹಕ. ಸುಣ್ಣ ಬಳಿದ ಬಿಳಿ ಗೋಡೆ, ಕಣ್ಣು ಕುಕ್ಕುವ ಬಿಸಿಲು, ಅದರ ನಡುವೆ ಕರಿ ಸೀರೆಯುಟ್ಟಂತೆ ಅಡಿಯಿಂದ ಮುಡಿಯವರೆಗೆ ಕಪ್ಪು ತೊಟ್ಟ ಹೆಂಗಸರು, ಮತ್ತು ಎಲ್ಲವನ್ನೂ ನೋಡುತ್ತ, ಎಲ್ಲದಕ್ಕೂ ತೀರ್ಪು ಕೊಡುತ್ತ ಕೂತಿರುವ ಊರು. ಆರು ವರ್ಷದ ಮೇಲೆ ಇದೇ ಜೋಡಿ ಇದೇ ಕಪ್ಪುಬಿಳುಪನ್ನು ಅಗಮೆಮ್ನನ್‌ನ ಊರಾದ ಮೈಸಿನಿಯ ಬೆಟ್ಟಗಳಿಗೆ ಒಯ್ದಿತು.

ಸಮಸ್ಯೆ ಏನಿತ್ತು

ಎರಡೂವರೆ ಸಾವಿರ ವರ್ಷದ ಹಿಂದಿನ ನಾಟಕವನ್ನು ಪರದೆಗೆ ತರುವುದರಲ್ಲಿ ತೊಡಕು ಒಂದೆರಡಲ್ಲ. ಆ ನಾಟಕ ಬಯಲಿನಲ್ಲಿ, ಹಗಲು ಬೆಳಕಿನಲ್ಲಿ, ಸಾವಿರಾರು ಜನರ ಮುಂದೆ ಆಡಿದ್ದು. ನಟರೆಲ್ಲ ಗಂಡಸರು, ಮುಖಕ್ಕೆ ಮುಖವಾಡ. ಹದಿನೈದು ಮಂದಿಯ ಮೇಳ ಕುಣಿದು ಹಾಡುತ್ತಿತ್ತು. ಕೊಲೆ ರಂಗದ ಮೇಲೆ ಆಗುವುದಿಲ್ಲ. ದೂತ ಬಂದು ವರ್ಣಿಸುತ್ತಾನೆ. ಕಟ್ಟಕಡೆಗೆ ಗಂಟು ಬಿಡಿಸಲು ಆಗದಿದ್ದಾಗ ರಾಟೆಯ ಮೇಲಿಂದ ದೇವರು ಇಳಿದು ಬರುತ್ತಾನೆ. ಕ್ಯಾಮೆರಾಕ್ಕೆ ಇದರಲ್ಲಿ ಯಾವುದೂ ಒಗ್ಗುವುದಿಲ್ಲ. ಕ್ಯಾಮೆರಾ ಬಯಸುವುದೇ ಮುಖವನ್ನು. ಗ್ರೀಕ್ ರಂಗ ಮುಚ್ಚಿಟ್ಟಿದ್ದೂ ಅದನ್ನೇ.

ನಮ್ಮಲ್ಲಿ ಬಿಎಂಶ್ರೀ ಈ ನಾಟಕಗಳನ್ನು ಎದುರಿಸಿದಾಗ ಹಿಡಿದ ದಾರಿ ಬೇರೆ. ಇನ್ನೊಬ್ಬ ಗ್ರೀಕ್ ನಾಟಕಕಾರ ಸೊಫೊಕ್ಲಿಸನ ಏಜಾಕ್ಸ್‌ನನ್ನು ಅವರು ಅಶ್ವತ್ಥಾಮನನ್ನಾಗಿಸಿದರು. ಕುರುಕ್ಷೇತ್ರದ ಮಣ್ಣಿನಲ್ಲಿ ಅವನು ನಮ್ಮವನಾದ. ದೂರದ್ದನ್ನು ಹತ್ತಿರ ತರುವುದು ಬಿಎಂಶ್ರೀಯವರ ತೊಡಕಾಗಿತ್ತು. ಕಕೊಯಾನಿಸ್‌ಗೆ ಆ ನಾಟಕಗಳು ಹತ್ತಿರವೇ, ತೀರಾ ಹತ್ತಿರ. ಅವು ಶಾಲೆಯ ಪಠ್ಯ, ಅಮೃತಶಿಲೆಯ ಮೂರ್ತಿ, ಪ್ರವಾಸಿಗಳ ಪೋಸ್ಟ್‌ಕಾರ್ಡು. ಪೂಜೆಗಿಟ್ಟ ವಸ್ತುವನ್ನು ಬಳಕೆಗೆ ತರುವುದು ಹೇಗೆ ಎನ್ನುವುದು ಅವನಿಗೆ ಎದುರಾದ ಪ್ರಶ್ನೆ.

1962: ಮೊದಲು ಮಾತೇ ಇಲ್ಲ

ಯೂರಿಪಿಡೀಸನ ‘ಎಲೆಕ್ಟ್ರಾ’ ಒಬ್ಬ ಬಡ ರೈತನ ಮಾತಿನಿಂದ ಆರಂಭವಾಗುತ್ತದೆ. ಎಲೆಕ್ಟ್ರಾಳಿಗೆ ಹುಟ್ಟುವ ಮಗ ಮುಂದೆ ಸೇಡಿಗೆ ನಿಲ್ಲದಿರಲಿ ಎಂದು ಅವಳನ್ನು ಈ ಬಡವನಿಗೆ ಮದುವೆ ಮಾಡಿಕೊಟ್ಟಿದ್ದಾರೆ. ಅವನು ಒಳ್ಳೆಯವನು, ಅವಳನ್ನು ಮುಟ್ಟಿಲ್ಲ. ಹಿಂದಿನ ಕಥೆಯನ್ನೆಲ್ಲ ಅವನ ಬಾಯಿಂದ ಕೇಳುತ್ತೇವೆ.

ಚಿತ್ರ ಅಲ್ಲಿಂದ ಶುರುವಾಗುವುದಿಲ್ಲ. ಅಗಮೆಮ್ನನ್ ಮೈಸಿನಿಗೆ ಮರಳುತ್ತಾನೆ. ದೊಡ್ಡ ದೊಡ್ಡ ಕಲ್ಲಿನ ಕೋಟೆ, ಎದುರುಗೊಳ್ಳುವ ಹೆಂಡತಿ, ಸ್ನಾನದ ಮನೆ. ಬಲೆ ಬೀಳುತ್ತದೆ, ಕೊಡಲಿ ಏಳುತ್ತದೆ. ಇದೆಲ್ಲ ಮುಗಿಯುವವರೆಗೆ ಯಾರೂ ಒಂದು ಮಾತು ಆಡುವುದಿಲ್ಲ. ಮಾತಿನಿಂದಲೇ ಬದುಕುವ ನಾಟಕವೊಂದಕ್ಕೆ ಮಾತಿಲ್ಲದ ಬಾಗಿಲು ಇಟ್ಟಿದ್ದಾನೆ. ದೂತನ ಕೆಲಸ ಕ್ಯಾಮೆರಾ ಮಾಡುತ್ತದೆ ಎಂದು ಮೊದಲ ಹತ್ತು ನಿಮಿಷದಲ್ಲೇ ಸಾರಿದಂತಾಯಿತು.

ಮೇಳದ ತೊಡಕನ್ನು ಬಿಡಿಸಿದ್ದು ಇನ್ನೂ ಸರಳವಾಗಿ. ಮೇಳ ಅಂದರೆ ಊರ ಹೆಂಗಸರು. ಹೊಲದಲ್ಲಿ ಅಲ್ಲೊಬ್ಬಳು ಇಲ್ಲೊಬ್ಬಳು, ಕಪ್ಪು ಬಟ್ಟೆ, ತಲೆ ಮೇಲೆ ಸೆರಗು. ಬೆಟ್ಟದ ಇಳಿಜಾರಿನಲ್ಲಿ ನೆಟ್ಟ ಮರಗಳ ಹಾಗೆ ನಿಂತಿರುತ್ತಾರೆ. ಇವರನ್ನು ನಾವು ಹೈಡ್ರಾದ ಬೀದಿಯಲ್ಲಿ ಆಗಲೇ ಕಂಡಿದ್ದೆವು. ಗ್ರೀಸಿನ ಹಳ್ಳಿಗಳಲ್ಲಿ ಗಂಡ ಸತ್ತ ಮೇಲೆ ಕಪ್ಪು ಉಟ್ಟು, ಸಾವಿನ ಮನೆಯಲ್ಲಿ ಹಾಡಿಕೊಂಡು ಅಳುವ ಹೆಂಗಸರು ಆಗಲೂ ಇದ್ದರು. ಕಕೊಯಾನಿಸ್ ಮೇಳಕ್ಕೆ ವೇಷ ಹೊಲಿಸಲಿಲ್ಲ, ಬದುಕಿದ್ದ ರೂಢಿಯನ್ನೇ ಎತ್ತಿಕೊಂಡ. ನನ್ನ ಮಟ್ಟಿಗೆ ಇಡೀ ಪ್ರಕರಣದಲ್ಲಿ ಅವನು ಮಾಡಿದ ಅತಿ ಜಾಣ ಕೆಲಸ ಇದೇ. ಮಿಕಿಸ್ ಥಿಯೊಡೊರಾಕಿಸ್‌ನ ಸಂಗೀತವೂ ಅದೇ ಜಾಡಿನದು, ಜನಪದದ ಮಣ್ಣಿನಿಂದ ಬಂದದ್ದು. ಮೂರೂ ಚಿತ್ರಗಳಿಗೆ ಅವನೇ ಸಂಗೀತಗಾರ.

ಇನ್ನು ಎಲೆಕ್ಟ್ರಾ ಆದ ಪಾಪಾಸ್. ಅವಳ ಹುಟ್ಟೂರು ಖಿಲಿಯೊಮೋದಿ, ಕೊರಿಂಥ್ ಹತ್ತಿರದ ಹಳ್ಳಿ. ಮೈಸಿನಿ ಅಲ್ಲಿಂದ ದೂರವೇನಲ್ಲ. ಕೂದಲು ಕತ್ತರಿಸಿದ ತಲೆ, ದಪ್ಪ ಹುಬ್ಬು, ಬಿಸಿಲಿಗೆ ಕಣ್ಣು ಕಿರಿದಾಗಿಸದ ನೋಟ. ಮುಖವಾಡ ತೆಗೆದರೆ ಒಳಗೆ ಇಂಥದೇ ಮುಖ ಇರಬೇಕಿತ್ತು ಅನ್ನಿಸುವಂತಿದೆ.

ಎಲೆಕ್ಟ್ರಾ ತಾಯಿಯನ್ನು ಗುಡಿಸಲಿಗೆ ಕರೆಸಿಕೊಳ್ಳುವುದು ಬಾಣಂತನದ ನೆಪ ಹೇಳಿ. ಮಗಳು ಹೆತ್ತಿದ್ದಾಳೆ ಎಂದು ಕೇಳಿ ಕ್ಲೈಟಮ್ನೆಸ್ಟ್ರಾ ಬರುತ್ತಾಳೆ. ಯೂರಿಪಿಡೀಸನ ಕ್ರೌರ್ಯ ನೋಡಿ: ಮೊಮ್ಮಗುವಿನ ಸುದ್ದಿಗೆ ಕರಗಿ ಬಂದವಳನ್ನೇ ಕೊಲ್ಲಿಸುತ್ತಾನೆ. ಕೊಲೆ ಒಳಗೆ, ನಾವು ಹೊರಗೆ, ಹೆಂಗಸರ ಜೊತೆ. ಇಲ್ಲಿ ಮಾತ್ರ ಕಕೊಯಾನಿಸ್ ಹಳೆಯ ನಿಯಮವನ್ನು ಪಾಲಿಸುತ್ತಾನೆ.

ಮೂಲ ನಾಟಕದ ಕೊನೆಯಲ್ಲಿ ಆಕಾಶದಿಂದ ಅವಳಿ ದೇವತೆಗಳು ಬಂದು, ಯಾರು ಎಲ್ಲಿಗೆ ಹೋಗಬೇಕು, ಯಾರನ್ನು ಮದುವೆಯಾಗಬೇಕು ಎಂದು ಹೇಳಿಹೋಗುತ್ತಾರೆ. ಚಿತ್ರದಲ್ಲಿ ಯಾರೂ ಬರುವುದಿಲ್ಲ. ಅಕ್ಕನೂ ತಮ್ಮನೂ ತಂತಮ್ಮ ಕೈಯನ್ನು ತಾವೇ ನೋಡಿಕೊಳ್ಳಬೇಕು, ಒಬ್ಬರನ್ನೊಬ್ಬರು ಬಿಟ್ಟು ಬೇರೆ ಬೇರೆ ದಾರಿ ಹಿಡಿಯಬೇಕು. ದೇವರಿಗೆ ರಜೆ ಕೊಟ್ಟದ್ದು ಸರಿಯೋ ತಪ್ಪೋ ಎಂಬ ವಾದ ಪಂಡಿತರಲ್ಲಿ ಇದೆ. ಯೂರಿಪಿಡೀಸ್ ದೇವರನ್ನು ತಂದದ್ದೇ ದೇವರ ಅಪಹಾಸ್ಯಕ್ಕೆ, ಅದನ್ನು ತೆಗೆದರೆ ವ್ಯಂಗ್ಯದ ಮೊನೆ ಮುರಿಯುತ್ತದೆ ಎನ್ನುವುದು ಒಂದು ಆಕ್ಷೇಪ. ತಳ್ಳಿಹಾಕುವಂಥ ಮಾತಲ್ಲ. ಆದರೆ ಸಿನಿಮಾದಲ್ಲಿ ಹಗ್ಗಕ್ಕೆ ನೇತುಬಿದ್ದ ದೇವರು ಮಾಡುವ ಅಪಹಾಸ್ಯ ಚಿತ್ರದ್ದೇ ಆಗುತ್ತಿತ್ತು.

ಕಾನ್ ಉತ್ಸವದಲ್ಲಿ ‘ಎಲೆಕ್ಟ್ರಾ’ಗೆ ನಾಟಕವನ್ನು ಸಿನಿಮಾವಾಗಿಸಿದ ಬಗೆಗೆಂದೇ ಒಂದು ಪ್ರಶಸ್ತಿ ಬಂತು. ವಿದೇಶಿ ಭಾಷೆಯ ವಿಭಾಗದಲ್ಲಿ ಆಸ್ಕರ್ ನಾಮನಿರ್ದೇಶನವೂ ಸಿಕ್ಕಿತು.

ಜೋರ್ಬಾದ ಒಳಗಿನ ಮೇಳ

ಎರಡು ವರ್ಷದ ಮೇಲೆ ಬಂದ ಜೋರ್ಬಾ ಏಳು ನಾಮನಿರ್ದೇಶನ ಪಡೆದು ಮೂರು ಆಸ್ಕರ್ ಗೆದ್ದಿತು, ಒಂದು ಲಸಾಲಿಯದು. (ಅವನು ಮುಂದೆ ಕ್ರೀಟಿನಲ್ಲೇ ನೆಲೆಸಿದ. ಆ ಪ್ರತಿಮೆಯನ್ನು ಸ್ತಾವ್ರೊಸ್ ದಂಡೆಯ ಒಂದು ಊಟದ ಹೋಟೆಲಿಗೆ ಕೊಟ್ಟಿದ್ದ. 2012ರಲ್ಲಿ ಹೋಟೆಲಿಗೆ ಬೆಂಕಿ ಬಿದ್ದಾಗ ಅದೂ ಹೋಯಿತು.) ಕುಣಿತವನ್ನು ನೆನಪಿಟ್ಟುಕೊಂಡವರು ಮರೆಯುವ ಎರಡು ದೃಶ್ಯ ಅದರಲ್ಲಿವೆ. ಒಂದು, ಊರಿನ ವಿಧವೆಯನ್ನು ಗುಡಿಯ ಮುಂದೆ ಜನ ಸುತ್ತುವರಿದು ಕಲ್ಲು ಹೊಡೆದು, ಕೊನೆಗೆ ಕತ್ತು ಕೊಯ್ದು ಕೊಲ್ಲುವುದು. ಇನ್ನೊಂದು, ಫ್ರೆಂಚ್ ಮುದುಕಿ ಪ್ರಾಣ ಬಿಡುವ ಮುಂಚೆಯೇ ಕಪ್ಪು ಬಟ್ಟೆಯ ಮುದುಕಿಯರು ಹದ್ದುಗಳಂತೆ ಅವಳ ಮನೆಗೆ ನುಗ್ಗಿ ಪಾತ್ರೆಪಡಗ ದೋಚುವುದು. ಎಲೆಕ್ಟ್ರಾಳ ಸುತ್ತ ಮರುಗುತ್ತ ನಿಂತಿದ್ದ ಮೇಳವೇ ಇಲ್ಲಿ ಕಲ್ಲು ಎತ್ತಿಕೊಂಡಿದೆ. ಆ ವಿಧವೆ ಐರೀನ್ ಪಾಪಾಸ್.

ಆಮೇಲೆ ಬಂದ ಒಂದು ವಿಡಂಬನೆ, ‘ದ ಡೇ ದ ಫಿಶ್ ಕೇಮ್ ಔಟ್’, ನೆಲಕಚ್ಚಿತು. ಅದರ ಬಗ್ಗೆ ಹೇಳುವಂಥದ್ದೂ ಹೆಚ್ಚಿಲ್ಲ.

1971: ಗ್ರೀಸ್ ಇಲ್ಲದ ಗ್ರೀಕ್ ನಾಟಕ

1967ರ ಏಪ್ರಿಲ್‌ನಲ್ಲಿ ಗ್ರೀಸಿನಲ್ಲಿ ಕರ್ನಲ್‌ಗಳು ಅಧಿಕಾರ ಹಿಡಿದರು. ಥಿಯೊಡೊರಾಕಿಸ್‌ನ ಸಂಗೀತವನ್ನು ಕೇಳುವುದೂ ಅಪರಾಧವಾಯಿತು. ಅವನನ್ನು ಸೆರೆಗೆ ಹಾಕಿದರು, 1970ರಲ್ಲಿ ದೇಶ ಬಿಡಲು ಬಿಟ್ಟರು. ಕಕೊಯಾನಿಸ್, ಪಾಪಾಸ್ ಇಬ್ಬರೂ ದೇಶದ ಹೊರಗೆ. ‘ದ ಟ್ರೋಜನ್ ವಿಮೆನ್’ ಚಿತ್ರೀಕರಣ ಆದದ್ದು ಸ್ಪೇನಿನ ಆತಿಯೆನ್ಸಾ ಎಂಬ ಕೋಟೆಯೂರಿನಲ್ಲಿ, ಇಂಗ್ಲಿಷಿನಲ್ಲಿ. ಅಲ್ಲೂ ಆಗ ಫ್ರಾಂಕೊನ ಸರ್ವಾಧಿಕಾರ ಎನ್ನುವುದು ಬೇರೆ ಮಾತು.

ಈ ನಾಟಕ ಅವನ ಕೈಯಲ್ಲಿ ಪಳಗಿದ್ದು. 1963ರಲ್ಲಿ ನ್ಯೂಯಾರ್ಕಿನ ಸರ್ಕಲ್ ಇನ್ ದ ಸ್ಕ್ವೇರ್ ರಂಗಮಂದಿರದಲ್ಲಿ ಅವನು ನಿರ್ದೇಶಿಸಿದ ಪ್ರಯೋಗ ಆರುನೂರಕ್ಕೂ ಹೆಚ್ಚು ಪ್ರದರ್ಶನ ಕಂಡಿತ್ತು. 1965ರಲ್ಲಿ ಪ್ಯಾರಿಸ್ಸಿನಲ್ಲಿ ಫ್ರೆಂಚ್ ಲೇಖಕ ಸಾರ್ತ್ರ್ ಬರೆದುಕೊಟ್ಟ ರೂಪಾಂತರವನ್ನು ಆಡಿಸಿದ್ದ. ಯೂರಿಪಿಡೀಸ್ ಇದನ್ನು ಆಡಿಸಿದ್ದು ಕ್ರಿ.ಪೂ. 415ರಲ್ಲಿ. ಅದರ ಹಿಂದಿನ ವರ್ಷವಷ್ಟೇ ಅಥೆನ್ಸಿನವರು ಮೆಲೊಸ್ ದ್ವೀಪವನ್ನು ಗೆದ್ದು ಗಂಡಸರನ್ನು ಕೊಂದು ಹೆಂಗಸರು ಮಕ್ಕಳನ್ನು ಮಾರಿದ್ದರು. ಸೋತವರ ಹೆಂಗಸರ ಗೋಳನ್ನು ಗೆದ್ದವರ ಮುಂದೆಯೇ ಆಡಿಸಿದ ನಾಟಕ ಅದು. ದೇಶಭ್ರಷ್ಟನಾದ ನಿರ್ದೇಶಕ ಇದನ್ನೇ ಆರಿಸಿಕೊಂಡದ್ದಕ್ಕೆ ಬೇರೆ ವಿವರಣೆ ಬೇಕಿಲ್ಲ.

ಆದರೂ ಮೂರರಲ್ಲಿ ಇದು ಸೊರಗಿದ ಚಿತ್ರ ಎಂದೇ ಹೇಳಬೇಕು. ಕ್ಯಾಥರೀನ್ ಹೆಪ್‌ಬರ್ನ್ ಟ್ರಾಯ್‌ನ ರಾಣಿ ಹೆಕ್ಯೂಬಾ, ವನೆಸಾ ರೆಡ್‌ಗ್ರೇವ್ ಅವಳ ಸೊಸೆ ಆಂಡ್ರೊಮಕಿ, ಜೆನೆವಿಯೆವ್ ಬುಜೋಲ್ಡ್ ಮಗಳು ಕಸ್ಸಾಂಡ್ರಾ, ಪಾಪಾಸ್ ಯುದ್ಧಕ್ಕೇ ಕಾರಣಳಾದ ಹೆಲೆನ್. ನಾಲ್ವರೂ ದೊಡ್ಡ ನಟಿಯರು, ನಾಲ್ವರ ಇಂಗ್ಲಿಷೂ ನಾಲ್ಕು ಬಗೆ. ಒಂದೇ ಅರಮನೆಯ ಹೆಂಗಸರು ಎಂದು ಕಿವಿ ಒಪ್ಪುವುದಿಲ್ಲ. ಮೇಳದ ಹೆಂಗಸರು ಕ್ಯಾಮೆರಾದ ಕಡೆ ತಿರುಗಿ ಒಂದೊಂದು ಸಾಲು ಹೇಳುವಾಗ ವಾಚನ ಕೇಳಿದಂತಾಗುತ್ತದೆ. ‘ಎಲೆಕ್ಟ್ರಾ’ದಲ್ಲಿ ಮೇಳಕ್ಕೆ ಊರಿತ್ತು, ಹೊಲವಿತ್ತು, ಭಾಷೆಯಿತ್ತು. ಇಲ್ಲಿ ಕಲ್ಲುಬಂಡೆ ಮಾತ್ರ.

ಹಾಗಿದ್ದೂ ಹೆಲೆನ್ ಬರುವ ಭಾಗ ಮರೆಯುವಂಥದ್ದಲ್ಲ. ಮರದ ಹಲಗೆ ಹೊಡೆದ ಗೂಡಿನೊಳಗೆ ಅವಳನ್ನು ಕೂಡಿಹಾಕಿದ್ದಾರೆ. ಮೊದಲು ನಮಗೆ ಕಾಣುವುದು ಹಲಗೆಯ ಸಂದಿನಲ್ಲಿ ಅತ್ತಿಂದಿತ್ತ ಓಡಾಡುವ ಎರಡು ಕಣ್ಣು. ಹೊರಗೆ ಹೆಂಗಸರು ಬಾಯಾರಿ ಒಣಗುತ್ತಿದ್ದಾರೆ. ಅವಳು ನೀರು ಕೇಳುತ್ತಾಳೆ, ಕಾವಲಿನವರು ತಂದುಕೊಡುತ್ತಾರೆ, ಅವಳು ಅದನ್ನು ಕುಡಿಯುವುದಿಲ್ಲ, ಮೈಮೇಲೆ ಹೊಯ್ದುಕೊಳ್ಳುತ್ತಾಳೆ. ಹೊರಗಿನ ಹೆಂಗಸರು ಕಲ್ಲು ಎತ್ತುತ್ತಾರೆ. ಜೋರ್ಬಾದ ವಿಧವೆಗೆ ಬಿದ್ದ ಕಲ್ಲು ಮತ್ತೆ ಅದೇ ನಟಿಯ ಕಡೆಗೆ. ಆ ಸಲ ನಾವು ಅವಳ ಪರ ಇದ್ದೆವು. ಈ ಸಲ ನಮ್ಮ ಕೈಯಲ್ಲೂ ಒಂದು ಕಲ್ಲು ಇದೆ.

1974: ನಡುವೆ ಬಂದ ಸೈಪ್ರಸ್

1974ರ ಜುಲೈ 15ರಂದು ಅಥೆನ್ಸಿನ ಕರ್ನಲ್‌ಗಳ ಕುಮ್ಮಕ್ಕಿನಿಂದ ಸೈಪ್ರಸ್‌ನಲ್ಲಿ ಅಧ್ಯಕ್ಷ ಮಕಾರಿಯೊಸ್ ವಿರುದ್ಧ ಕ್ಷಿಪ್ರಕ್ರಾಂತಿ ನಡೆಯಿತು. ಐದು ದಿನಕ್ಕೆ ಟರ್ಕಿಯ ಸೇನೆ ಬಂದಿಳಿಯಿತು. ದ್ವೀಪ ಎರಡು ಹೋಳಾಯಿತು. ಒಂದೂವರೆ ಲಕ್ಷಕ್ಕೂ ಹೆಚ್ಚು ಗ್ರೀಕ್ ಸೈಪ್ರಿಯಟರು ಮನೆಮಠ ಬಿಟ್ಟು ದಕ್ಷಿಣಕ್ಕೆ ಬಂದರು, ಟರ್ಕಿಶ್ ಸೈಪ್ರಿಯಟರು ಉತ್ತರಕ್ಕೆ ಹೋದರು. ಅಥೆನ್ಸಿನ ಸೇನಾಡಳಿತವೂ ಅದೇ ವಾರ ಕುಸಿಯಿತು.

ಕಕೊಯಾನಿಸ್ ಚಿಕ್ಕ ತಂಡ ಕಟ್ಟಿಕೊಂಡು ತನ್ನ ಹುಟ್ಟಿದ ದ್ವೀಪಕ್ಕೆ ಹೋದ. ‘ಅಟಿಲಾ 74’ ಅಲ್ಲಿ ಸಿದ್ಧವಾದ ಸಾಕ್ಷ್ಯಚಿತ್ರ. ನಿರಾಶ್ರಿತರ ಡೇರೆಗಳು, ಮಕ್ಕಳು ಸಿಗದೆ ಅಲೆಯುವ ತಾಯಂದಿರು. ಒಂದೇ ಕಡೆಯ ನೋವು ಅದರಲ್ಲಿ ತುಂಬಿದೆ ಎಂಬುದು ನಿಜ. ತಾನು ಪಕ್ಷಪಾತಿ ಅಲ್ಲ ಎಂದು ಅದು ಸೋಗು ಹಾಕುವುದೂ ಇಲ್ಲ. ಈ ಪ್ರಕರಣದಲ್ಲಿ ಅದಕ್ಕೊಂದು ಜಾಗ ಇರುವುದು ಬೇರೆ ಕಾರಣಕ್ಕೆ. ಅಲ್ಲಿಯವರೆಗೆ ಅವನು ಯುದ್ಧದ ಕೊನೆಯನ್ನು ತೆಗೆದಿದ್ದ: ಸೇಡು, ಬೂದಿ, ದಾಸ್ಯ. ಸೈಪ್ರಸ್‌ನಿಂದ ಬಂದವನು ಎತ್ತಿಕೊಂಡದ್ದು ಯುದ್ಧ ಹೇಗೆ ಹೊರಡುತ್ತದೆ ಎಂಬ ನಾಟಕವನ್ನು.

1977: ಗಾಳಿ

‘ಇಫಿಜೀನಿಯಾ’ ಗ್ರೀಕ್ ಭಾಷೆಯಲ್ಲಿ, ಗ್ರೀಸಿನಲ್ಲಿ, ಬಣ್ಣದಲ್ಲಿ. ಮೊದಲಿಗೆ ಕ್ಯಾಮೆರಾ ಕಡಲ ದಂಡೆಯುದ್ದಕ್ಕೂ ಸಾಗುತ್ತದೆ: ಹಡಗಿನ ಪಕ್ಕ ಹಡಗು, ಬಿಸಿಲಿಗೆ ಬಿದ್ದುಕೊಂಡ ನೂರಾರು ಬರಿಮೈ ಗಂಡಸರು. ಕೆಲಸವಿಲ್ಲ, ಊಟವಿಲ್ಲ, ಗಾಳಿಯಿಲ್ಲ. ಮೂಲ ನಾಟಕದಲ್ಲಿ ಸೈನ್ಯ ಮಾತಿನಲ್ಲಷ್ಟೇ ಇದೆ. ಇಲ್ಲಿ ಸೈನ್ಯವೇ ಪಾತ್ರ. ಹಸಿದ ಸೈನಿಕರು ಗುಡಿಯ ಜಾನುವಾರುಗಳ ಮೇಲೆ ಬೀಳುತ್ತಾರೆ, ಆರ್ಟೆಮಿಸ್ ದೇವಿಗೆ ಮೀಸಲಾದ ಜಿಂಕೆ ಬಾಣಕ್ಕೆ ಸಾಯುತ್ತದೆ. ಕಾಲ್ಕಸ್ ಬಲಿ ಕೇಳುವುದು ದೇವಿಯ ಹೆಸರಿನಲ್ಲಿ. ಆದರೆ ಅವನ ಮುಖ ನೋಡಿದರೆ ಗುಡಿಯ ಲೆಕ್ಕ ಚುಕ್ತಾ ಮಾಡುತ್ತಿದ್ದಾನೆ ಅನ್ನಿಸುತ್ತದೆ.

ಯೂರಿಪಿಡೀಸ್ ಸತ್ತ ಮೇಲೆ ರಂಗಕ್ಕೆ ಬಂದ ನಾಟಕ ಇದು. ಇದರ ಬಗ್ಗೆ ಅರಿಸ್ಟಾಟಲ್ ಎತ್ತಿದ ತಕರಾರು ಪ್ರಸಿದ್ಧ. ಕಾಲಿಗೆ ಬಿದ್ದು ಪ್ರಾಣಭಿಕ್ಷೆ ಕೇಳಿದ ಹುಡುಗಿ ಇದ್ದಕ್ಕಿದ್ದಂತೆ ಗ್ರೀಸಿಗಾಗಿ ಸಾಯುತ್ತೇನೆ ಎನ್ನುತ್ತಾಳೆ. ಮೊದಲಿನವಳೇ ಬೇರೆ, ಆಮೇಲಿನವಳೇ ಬೇರೆ. ಕಕೊಯಾನಿಸ್ ಈ ಬಿರುಕಿಗೆ ಒಂದು ಓಟವನ್ನು ತುಂಬಿದ. ಹುಡುಗಿ ತಪ್ಪಿಸಿಕೊಂಡು ಕಾಡಿಗೆ ಓಡುತ್ತಾಳೆ. ಸೈನಿಕರು ಅಟ್ಟಿಸಿಕೊಂಡು ಹೋಗುತ್ತಾರೆ. ಕಾಲು ಸೋತು, ಎದೆ ಏದುಸಿರಿಗೆ ಏರಿಳಿಯುತ್ತ ಬಿದ್ದವಳನ್ನು ಕ್ಯಾಮೆರಾ ಮೊದಲು ಆ ಜಿಂಕೆಯನ್ನು ನೋಡಿದ ಹಾಗೆಯೇ ನೋಡುತ್ತದೆ. ಓಡಲು ಜಾಗವೇ ಇಲ್ಲ ಎಂದು ಅರಿತವಳು ಮರಳಿ ಬಂದು ಸಾಯಲು ಒಪ್ಪುತ್ತಾಳೆ. ಅರಿಸ್ಟಾಟಲನಿಗೆ ಕೊಟ್ಟ ಉತ್ತರ ಇದು, ತರ್ಕದಿಂದಲ್ಲ, ಕಾಲಿನಿಂದ. ಆ ಪಾತ್ರದ ತತಿಯಾನಾ ಪಾಪಾಮೋಸ್ಕು ಆಗ ಇನ್ನೂ ಚಿಕ್ಕ ಹುಡುಗಿ. ಅವಳ ಮಾತಿನಲ್ಲಿ ಅಭಿನಯದ ಬಣ್ಣವೇ ಇಲ್ಲ.

ಕ್ಲೈಟಮ್ನೆಸ್ಟ್ರಾ ಐರೀನ್ ಪಾಪಾಸ್. ಹದಿನೈದು ವರ್ಷದ ಹಿಂದೆ ಇದೇ ಕ್ಲೈಟಮ್ನೆಸ್ಟ್ರಾಳನ್ನು ಬಾಣಂತನದ ನೆಪ ಹೇಳಿ ಗುಡಿಸಲಿಗೆ ಕರೆಸಿ ಕೊಲ್ಲಿಸಿದ್ದವಳು ಇವಳೇ. ಈಗ ಮಗಳ ಮದುವೆಯೆಂಬ ಸುಳ್ಳು ಓಲೆ ನಂಬಿ, ಗ್ರೀಕರ ವೀರ ಅಕಿಲೀಸ್ ಅಳಿಯನಾಗುತ್ತಾನೆಂಬ ಸಡಗರದಲ್ಲಿ ಗಾಡಿ ಹೂಡಿಸಿಕೊಂಡು ಬರುತ್ತಾಳೆ. ಎರಡು ಸಲವೂ ಕ್ಲೈಟಮ್ನೆಸ್ಟ್ರಾ ಮೋಸ ಹೋಗುವುದು ತಾಯ್ತನದ ಆಸೆಗೆ. ನಾಟಕಗಳನ್ನು ಬಿಡಿಬಿಡಿಯಾಗಿ ಓದಿದಾಗ ನನಗೆ ಇದು ಹೊಳೆದಿರಲಿಲ್ಲ. ಒಂದೇ ಮುಖ ಎರಡೂ ಕಡೆ ನಿಂತಾಗ ಹೊಳೆಯಿತು. ಈ ಪಾತ್ರವನ್ನು ಅವಳು ಕಕೊಯಾನಿಸ್‌ನದೇ ನಿರ್ದೇಶನದಲ್ಲಿ 1967ರಲ್ಲಿ ನ್ಯೂಯಾರ್ಕಿನ ರಂಗದ ಮೇಲೂ ಮಾಡಿದ್ದಳು.

ನಮಗೆ ಸಿಕ್ಕಿರುವ ನಾಟಕದ ಪಠ್ಯದಲ್ಲಿ ಕೊನೆಗೆ ದೂತ ಬಂದು, ಕತ್ತಿ ಬೀಳುವ ಕ್ಷಣದಲ್ಲಿ ಹುಡುಗಿ ಮಾಯವಾಗಿ ಅವಳ ಜಾಗದಲ್ಲಿ ಜಿಂಕೆ ಬಿದ್ದಿತ್ತು ಎನ್ನುತ್ತಾನೆ. ಆ ಭಾಗ ಯೂರಿಪಿಡೀಸನದಲ್ಲ, ಬೇರೆಯವರು ಸೇರಿಸಿದ್ದು ಎಂದು ಅನುಮಾನಿಸುವ ವಿದ್ವಾಂಸರು ಬಹಳ. ಕಕೊಯಾನಿಸ್ ದೂತನನ್ನೂ ಕಳಿಸಲಿಲ್ಲ, ಜಿಂಕೆಯನ್ನೂ ಕಳಿಸಲಿಲ್ಲ. ಅವನ ಜಿಂಕೆ ಮೊದಲ ದೃಶ್ಯದಲ್ಲೇ ಸತ್ತಿತ್ತು. ಹುಡುಗಿ ಮೆಟ್ಟಿಲು ಹತ್ತುತ್ತಾಳೆ. ಹತ್ತುತ್ತಿರುವಾಗಲೇ ಗಾಳಿ ಏಳುತ್ತದೆ. ಬಲಿ ಬೀಳುವ ಮೊದಲೇ! ಅಗಮೆಮ್ನನ್ ಗಾಬರಿಯಾಗಿ ಮೆಟ್ಟಿಲ ಕಡೆ ಓಡುತ್ತಾನೆ. ಮೇಲೆ ಕಾಲ್ಕಸ್‌ನ ಕೈ ಅವಳನ್ನು ಹಿಡಿದಾಗಿದೆ. ಉಳಿದದ್ದನ್ನು ನಾವು ಅಪ್ಪನ ಮುಖದಲ್ಲಿ ನೋಡಬೇಕು. ಕೆಳಗೆ ಸೈನಿಕರು ಹುಯಿಲೆಬ್ಬಿಸಿ ಹಡಗುಗಳ ಕಡೆ ಓಡುತ್ತಾರೆ.

ಈ ಚಿತ್ರಕ್ಕೂ ಆಸ್ಕರ್ ನಾಮನಿರ್ದೇಶನ ಸಿಕ್ಕಿತು, ಪ್ರಶಸ್ತಿ ಬರಲಿಲ್ಲ. ಕಕೊಯಾನಿಸ್ ಆಮೇಲೆ ಮೂರು ಚಿತ್ರ ಮಾಡಿದ, ಕೊನೆಯದು 1999ರಲ್ಲಿ ಚೆಕಾಫ್‌ನ ‘ದ ಚೆರ್ರಿ ಆರ್ಚರ್ಡ್’. ಶೇಕ್ಸ್‌ಪಿಯರ್‌ನ ನಾಟಕಗಳನ್ನು ಗ್ರೀಕಿಗೆ ತಂದ, ರಂಗಭೂಮಿಗೂ ಸಿನಿಮಾಕ್ಕೂ ಅಥೆನ್ಸಿನಲ್ಲಿ ಒಂದು ಪ್ರತಿಷ್ಠಾನ ಕಟ್ಟಿದ, 2011ರ ಜುಲೈನಲ್ಲಿ ತೀರಿಕೊಂಡ. ಯೂರಿಪಿಡೀಸನ ಕಡೆಗೆ ಕ್ಯಾಮೆರಾ ಹಿಡಿದು ಮತ್ತೆ ಹೋಗಲಿಲ್ಲ. ಪಾಪಾಸ್ 2022ರಲ್ಲಿ ತನ್ನ ಹುಟ್ಟೂರಿನಲ್ಲೇ ಕಣ್ಣು ಮುಚ್ಚಿದಳು.

ಮೂರನ್ನೂ ನೋಡುವವರು ಕಥೆಯ ಕ್ರಮ ಹಿಡಿಯದೆ ಅವನು ತೆಗೆದ ಕ್ರಮದಲ್ಲೇ ನೋಡಬೇಕು. ‘ಇಫಿಜೀನಿಯಾ’ದ ಕೊನೆಯಲ್ಲಿ ಕ್ಲೈಟಮ್ನೆಸ್ಟ್ರಾ ಊರಿಗೆ ಮರಳುವ ಗಾಡಿಯಲ್ಲಿ ಕೂತಿದ್ದಾಳೆ. ದೂರದಲ್ಲಿ ಹಡಗುಗಳು ಹೊರಟಿವೆ. ಮಗಳನ್ನು ಕೊಟ್ಟು ಕೊಂಡ ಗಾಳಿ ಅವಳ ಕೂದಲನ್ನು ಮುಖದ ಮೇಲೆ ಎಳೆಯುತ್ತಿದೆ, ಅವಳು ಸರಿಸಿಕೊಳ್ಳುವುದಿಲ್ಲ. ಕೂದಲಿನ ನಡುವಿಂದ ಹಡಗುಗಳನ್ನು ನೋಡುತ್ತಲೇ ಇರುತ್ತಾಳೆ. ಸ್ನಾನದ ಮನೆಯ ಬಲೆಯನ್ನು ನಾವು ಆಗಲೇ ನೋಡಿ ಆಗಿದೆ.